ಕಾಲಯಂತ್ರದಲ್ಲಿ ಕೂತವರ ಹಸಿವು

ಎಚ್. ಜಿ. ವೆಲ್ಸ್ 1895ರ ತನ್ನ ಕಾದಂಬರಿಯಲ್ಲಿ ಕಾಲಯಂತ್ರ ಹತ್ತಿಸಿ ಕಳಿಸಿದ ಮನುಷ್ಯ ವಾಪಸು ಬಂದವನೇ ಕೇಳಿದ್ದು ಊಟ. ಕ್ರಿ.ಶ. 8,02,701ನೇ ಇಸವಿಯನ್ನು ಕಣ್ಣಾರೆ ಕಂಡು ಬಂದವನ ಬಳಿ ಹೇಳುವುದಕ್ಕೆ ಬೇಕಾದಷ್ಟಿತ್ತು. ಆದರೂ ಹೊಟ್ಟೆಗೆ ನಾಲ್ಕು ತುಂಡು ಮಾಂಸ ಬೀಳುವವರೆಗೆ ಕತೆ ಶುರುವಾಗಲಿಲ್ಲ. ಮೇಜಿನ ಸುತ್ತ ಕೂತಿದ್ದ ಅತಿಥಿಗಳಿಗೆ ಅದು ಅದೇ ದಿನದ ಸಂಜೆ. ಅವನ ಮೈಗೆ ಎಂಟು ದಿನ ಕಳೆದಿತ್ತು.

*

ಕಾಲವನ್ನು ಹಿಂದೆ ಮುಂದೆ ಮಾಡುವ ಯಂತ್ರಗಳ ಕತೆ ಓದುವಾಗ ನನ್ನ ಕಣ್ಣು ಹೋಗುವುದು ಅದರಲ್ಲಿ ಕೂತವರ ಮೈಮೇಲೆ. ಲೋಕದ ಕಾಲವನ್ನು ಕತೆಗಾರರು ಮನಸ್ಸಿಗೆ ಬಂದಂತೆ ತಿರುಚಿದ್ದಾರೆ, ನಿಲ್ಲಿಸಿದ್ದಾರೆ, ಓಡಿಸಿದ್ದಾರೆ. ಮೈಯೊಳಗಿನ ಕಾಲವನ್ನು ಮುಟ್ಟಿದವರು ಬಹಳ ಕಡಿಮೆ. ಯಂತ್ರ ಯಾವ ದಿಕ್ಕಿಗೆ ಹೋದರೂ ಗಡ್ಡ ಬೆಳೆಯುತ್ತದೆ, ನಿದ್ದೆ ಎಳೆಯುತ್ತದೆ, ಗಾಯ ಮಾಯುತ್ತದೆ, ನೆನಪು ಕೂಡುತ್ತ ಹೋಗುತ್ತದೆ.

*

ಇದನ್ನು ಮೊದಲು ಎದುರಿಸಿದವರಲ್ಲಿ ಸ್ಪೇನಿನ ಎನ್ರಿಕೆ ಗಾಸ್ಪರ್ ಒಬ್ಬ. ವೆಲ್ಸ್‌ಗಿಂತ ಎಂಟು ವರ್ಷ ಮುಂಚೆ, 1887ರಲ್ಲಿ, ಕಾಲದೊಳಗೆ ಹಾರುವ ಕಬ್ಬಿಣದ ದೊಡ್ಡ ಪೆಟ್ಟಿಗೆಯನ್ನು ಅವನು ಕಾದಂಬರಿಯೊಂದರಲ್ಲಿ ಕಟ್ಟಿದ. ವರ್ಷಗಳು ಹಿಂದೆ ಸರಿದಂತೆ ಒಳಗಿದ್ದವರ ವಯಸ್ಸೂ ಇಳಿಯಬೇಕಲ್ಲ? ಹಾಗಾಗದಂತೆ ಪ್ರಯಾಣಿಕರಿಗೆ ಒಂದು ದ್ರವದ ರಕ್ಷೆ ಕೊಟ್ಟ. ಅದಿಲ್ಲದಿದ್ದರೆ ಮುದುಕರು ಹರೆಯದವರಾಗಿ, ಹರೆಯದವರು ಕೂಸುಗಳಾಗಿ, ಕೊನೆಗೆ ಹುಟ್ಟದವರಾಗಿ ಕರಗಿಹೋಗುತ್ತಿದ್ದರು. ಆಮೇಲೆ ಬಂದ ಕತೆಗಾರರು ದ್ರವವನ್ನು ಕೈಬಿಟ್ಟರು, ರಕ್ಷೆಯನ್ನು ಮಾತ್ರ ಏನೂ ಹೇಳದೆ ಉಳಿಸಿಕೊಂಡರು.

*

ಹಿಂದಕ್ಕೆ ಬಂದಿದ್ದೇನೆಂದು ಗೊತ್ತಾಗಬೇಕಾದರೂ ನೆನಪು ಮುಂದಕ್ಕೇ ನಡೆದಿರಬೇಕು. ನೆನಪೂ ಜೊತೆಗೆ ಹಿಂದೆ ಸರಿದರೆ ಒಂದೇ ದಿನವನ್ನು ನೂರು ಸಲ ಬದುಕಿ, ಒಂದೇ ಸಲವೆಂದು ನಂಬುತ್ತೇವೆ.

*

‘ಹ್ಯಾರಿ ಪಾಟರ್’ ಸರಣಿಯ ಮೂರನೆಯ ಪುಸ್ತಕ 1999ರಲ್ಲಿ ಬಂತು. ಅದರಲ್ಲಿ ಹರ್ಮಾಯ್ನಿ ಎಂಬ ಹುಡುಗಿಯ ಕೊರಳ ಸರದಲ್ಲಿ ಒಂದು ಪುಟ್ಟ ಮರಳುಗಡಿಯಾರ ತೂಗುತ್ತದೆ. ಒಂದು ಸುತ್ತು ತಿರುಗಿಸಿದರೆ ಒಂದು ಗಂಟೆ ಹಿಂದೆ. ಲೋಕವನ್ನೇ ಬದಲಿಸಬಲ್ಲ ಈ ವಸ್ತುವನ್ನು ಶಾಲೆಯವರು ಅವಳಿಗೆ ಕೊಡಿಸಿದ್ದು ಯಾಕೆ? ಒಂದೇ ಹೊತ್ತಿಗೆ ಬೀಳುವ ಎರಡು ಮೂರು ತರಗತಿಗಳಿಗೆ ಹಾಜರಾಗಲಿ ಎಂದು!

ಈ ಪುಸ್ತಕದಲ್ಲಿ ನನ್ನನ್ನು ಹಿಡಿದು ನಿಲ್ಲಿಸುವುದು ಕೊನೆಯಲ್ಲಿ ಆ ಗಡಿಯಾರದಿಂದ ಎರಡು ಜೀವ ಉಳಿಯುವ ಸಾಹಸಕ್ಕಿಂತ ನಡುವಿನ ಒಂದು ಸಣ್ಣ ಸಂಗತಿ. ಕಾಲವನ್ನೇ ಕೊರಳಲ್ಲಿ ಕಟ್ಟಿಕೊಂಡ ಈ ಹುಡುಗಿ ಒಂದು ದಿನ ಪುಸ್ತಕದ ಮೇಲೆ ತಲೆಯಿಟ್ಟು ನಿದ್ದೆಹೋಗಿ, ತರಗತಿಯೊಂದನ್ನು ತಪ್ಪಿಸಿಕೊಳ್ಳುತ್ತಾಳೆ. ದಿನಕ್ಕೆ ಎಷ್ಟು ಗಂಟೆ ಸೇರಿಸಿಕೊಂಡಳೋ ಅಷ್ಟು ಗಂಟೆಯೂ ಅವಳ ಕಣ್ಣಿನ ಕೆಳಗೆ ಕೂತಿತ್ತು. ಲೋಕ ಕೊಟ್ಟ ಹೊತ್ತನ್ನು ಮೈ ತನ್ನ ಲೆಕ್ಕದಲ್ಲಿ ಬರೆದುಕೊಂಡಿತ್ತು.

ವರ್ಷದ ಕೊನೆಗೆ ಅವಳು ಎರಡು ವಿಷಯ ಬಿಟ್ಟು ಗಡಿಯಾರವನ್ನು ವಾಪಸು ಕೊಡುತ್ತಾಳೆ. ಮಕ್ಕಳ ಪುಸ್ತಕಗಳಲ್ಲಿ ನಾನು ಕಂಡ ಬಹಳ ದೊಡ್ಡ ನಿರ್ಧಾರಗಳಲ್ಲಿ ಇದೂ ಒಂದು. ನಸುಕಿಗೇ ಎದ್ದು ಕೋಚಿಂಗ್ ಮುಗಿಸಿ, ಕಾಲೇಜು ಮುಗಿಸಿ, ಮತ್ತೆ ಟ್ಯೂಷನ್ನಿಗೆ ಕೂರುವ ಪಿಯುಸಿ ಮಕ್ಕಳಿಗೆ ಆ ಪುಟವನ್ನು ಯಾರಾದರೂ ಓದಿ ಹೇಳಬೇಕು. ಅವರಿಗಿಂತ ಮೊದಲು ಅವರ ಅಪ್ಪ ಅಮ್ಮನಿಗೆ.

*

ದಿನಕ್ಕೆ ಇಪ್ಪತ್ತೈದನೆಯ ಗಂಟೆ ಬೇಡುವವರು ಅದನ್ನು ನಿದ್ದೆಗೆಂದು ಬೇಡುವುದಿಲ್ಲ. ಹಾಗಾಗಿ ಆ ಗಂಟೆ ಸಿಕ್ಕಿದರೂ ದಣಿವು ಇದ್ದಲ್ಲೇ ಇರುತ್ತದೆ.

*

2004ರ ‘ಪ್ರೈಮರ್’ ಸಿನಿಮಾದ ಯಂತ್ರ ಒಬ್ಬ ಮನುಷ್ಯ ಮಲಗುವಷ್ಟು ದೊಡ್ಡ ಒಂದು ಪೆಟ್ಟಿಗೆ. ಬೆಳಗ್ಗೆ ಅದನ್ನು ಚಾಲೂ ಮಾಡಿ ದೂರ ಹೋಗಬೇಕು. ಸಂಜೆ ಬಂದು ಒಳಗೆ ಮಲಗಬೇಕು. ಆರು ಗಂಟೆ ಹಿಂದಕ್ಕೆ ಹೋಗಬೇಕಾದರೆ ಕತ್ತಲ ಪೆಟ್ಟಿಗೆಯಲ್ಲಿ ಆರು ಗಂಟೆ ಬಿದ್ದಿರಬೇಕು. ಶೇರು ಪೇಟೆಯಲ್ಲಿ ಹಣ ಮಾಡಲು ಹೊರಟ ಇಬ್ಬರು ಗೆಳೆಯರು ಹೀಗೆ ಹೋಗಿ ಬರುತ್ತ, ಬರುತ್ತ, ಕಿವಿಯಲ್ಲಿ ರಕ್ತ ಕಾಣುತ್ತಾರೆ. ಅವರ ಕೈಬರಹ ಕೆಡುತ್ತದೆ. ತೀರ ಕಡಿಮೆ ಖರ್ಚಿನಲ್ಲಿ ತೆಗೆದ ಚಿತ್ರ ಅದು. ಆದರೆ ಹಿಂದೆ ಹೋಗುವುದಕ್ಕೂ ಹೊತ್ತು ಹಿಡಿಯುತ್ತದೆ ಎಂಬುದನ್ನು ಕೋಟಿಗಟ್ಟಲೆ ಸುರಿದ ಚಿತ್ರಗಳಿಗಿಂತ ಚೆನ್ನಾಗಿ ಅರಿತಿದೆ.

*

ಕಾಲವನ್ನು ನಿಧಾನ ಮಾಡಿ ನೋಡಿದರೆ ಎಲ್ಲವೂ ಚೆಲುವಾಗಿ ಕಾಣುತ್ತದೆಂದು ಸಿನಿಮಾ ನಮಗೆ ಕಲಿಸಿದೆ. ವೆಲ್ಸ್ ಅದಕ್ಕೆ ಒಪ್ಪುವುದಿಲ್ಲ. ಅವನ 1901ರ ‘ದಿ ನ್ಯೂ ಆಕ್ಸಿಲರೇಟರ್’ ಕತೆಯಲ್ಲಿ ಒಬ್ಬ ಪ್ರೊಫೆಸರ್ ಕಂಡುಹಿಡಿದ ಔಷಧಿ ಕುಡಿದವರು ಸಾವಿರಾರು ಪಟ್ಟು ವೇಗವಾಗಿ ಬದುಕುತ್ತಾರೆ. ಕೈಬಿಟ್ಟ ಗಾಜಿನ ಲೋಟ ಗಾಳಿಯಲ್ಲೇ ನಿಲ್ಲುತ್ತದೆ. ಬೀದಿಯ ಜನ ಬೊಂಬೆಗಳಾಗಿ ನಿಂತಿರುತ್ತಾರೆ. ಅವರಲ್ಲೊಬ್ಬ ಇಬ್ಬರು ಹೆಂಗಸರತ್ತ ಕಣ್ಣು ಹೊಡೆಯುತ್ತಿದ್ದಾನೆ. ಬಿಡುವಾಗಿ ಹತ್ತಿರ ಹೋಗಿ ನೋಡಿದರೆ ಆ ಕಣ್ಣೆವೆ ಅಸಹ್ಯ. ಮುಖದ ಮೇಲಿನ ಭಾವಗಳೆಲ್ಲ ಹಾಯ್ದು ಹೋಗುವಷ್ಟು ಹೊತ್ತಿಗೆಂದೇ ಮಾಡಿದವು. ಹಿಡಿದು ನಿಲ್ಲಿಸಿದ ನಗುವಿನಲ್ಲಿ ಉಳಿಯುವುದು ಹಲ್ಲು ಮಾತ್ರ.

*

ಅದೇ ಕತೆಯಲ್ಲಿ ವೇಗವಾಗಿ ನಡೆದವರ ಬಟ್ಟೆ ಗಾಳಿಯ ಉಜ್ಜಿಗೆ ಸುಟ್ಟು ಕಂದುತ್ತದೆ. ಅವಸರಕ್ಕೆ ಬಿಸಿ ಇದೆ ಎಂದು ಭೌತಶಾಸ್ತ್ರದ ಮೂಲಕ ಹೇಳಿದ್ದು ನನಗೆ ಇಷ್ಟ.

*

ಜರ್ಮನಿಯ ಮಿಖಾಯೆಲ್ ಎಂಡೆ ಬರೆದ ‘ಮೊಮೊ’ 1973ರದು. ಅದರಲ್ಲಿ ಬೂದುಬಣ್ಣದ ಗಂಡಸರು ಬಂದು ಊರಿನವರಿಗೆ ಹೊತ್ತನ್ನು ಬ್ಯಾಂಕಿನಲ್ಲಿ ಕೂಡಿಡಲು ಕಲಿಸುತ್ತಾರೆ. ಫೂಸಿ ಎಂಬ ಕ್ಷೌರಿಕ ಅವರ ಲೆಕ್ಕಕ್ಕೆ ಮರುಳಾಗಿ ಒಂದೊಂದೇ ಖರ್ಚು ಕಡಿಯುತ್ತಾನೆ. ವಯಸ್ಸಾದ ತಾಯಿಯ ಜೊತೆ ಕೂರುವ ಹೊತ್ತು, ಗಿಣಿ ಸಾಕುವ ಹೊತ್ತು, ನಡೆಯಲಾರದ ಒಬ್ಬ ಹೆಂಗಸಿಗೆ ದಿನವೂ ಹೂವು ಒಯ್ಯುವ ಹೊತ್ತು. ಉಳಿಸಿದ ಸೆಕೆಂಡುಗಳು ಎಲ್ಲಿ ಹೋದವೆಂದು ಅವನು ಕೇಳುವುದೇ ಇಲ್ಲ, ಕೇಳಲು ಪುರುಸೊತ್ತಿಲ್ಲ. ಕಾಲವನ್ನು ಕದಿಯುವ ಯಂತ್ರಗಳಲ್ಲಿ ಇದರಷ್ಟು ಸರಳವಾದದ್ದು ಬೇರೆಲ್ಲೂ ಕಾಣಲಿಲ್ಲ: ಒಂದು ಪೆನ್ಸಿಲು, ಒಂದು ಕೂಡಿಕೆ.

*

ವೆಲ್ಸ್ ಕಾದಂಬರಿಯಲ್ಲಿ ಮನೆವಾರ್ತೆ ನೋಡಿಕೊಳ್ಳುವ ವಾಚೆಟ್ ಎಂಬ ಹೆಂಗಸು ಬರುವುದು ಕೆಲವೇ ಸಾಲುಗಳಲ್ಲಿ. ಪ್ರಯಾಣಿಕ ಮುಂದಕ್ಕೆ ಹೊರಟಾಗ ಆಕೆ ಕೋಣೆಯಲ್ಲಿ ರಾಕೆಟ್ಟಿನಂತೆ ಹಾದುಹೋದದ್ದು ಅವನಿಗೆ ಕಾಣಿಸುತ್ತದೆ. ಹಿಂದಿರುಗುವಾಗ ಬೆನ್ನು ಮುಂದಾಗಿ ಸರಿದು ಬಂದ ಬಾಗಿಲಲ್ಲೇ ಮರೆಯಾಗುತ್ತಾಳೆ. ಆಕೆಯಂತೂ ಒಂದೇ ಸಲ, ತನ್ನ ಎಂದಿನ ನಡಿಗೆಯಲ್ಲಿ, ತೋಟದ ಬಾಗಿಲ ಕಡೆ ನಡೆದಿದ್ದಳು. ದೊಡ್ಡ ಪ್ರಯಾಣಗಳು ನಡೆಯುವ ಮನೆಯಲ್ಲಿ ದಿನದ ಕೆಲಸ ಮಾಡುವವರು ಹೀಗೆಯೇ ಒಮ್ಮೆ ತೀರ ಬೇಗ, ಒಮ್ಮೆ ತಲೆಕೆಳಗಾಗಿ ಕಾಣಿಸಿ ಮಾಯವಾಗುತ್ತಾರೆ.

*

ಆ ಯಂತ್ರಕ್ಕೆ ಎರಡು ಸನ್ನೆಕೋಲು, ಕೂರಲು ಒಂದು ಜೀನು, ದಿನ ಸಾವಿರದಿನ ಲಕ್ಷೋಪಲಕ್ಷ ದಿನ ತೋರಿಸುವ ಮುಳ್ಳುಗಳು. ಇಳಿದ ಕೂಡಲೇ ಪ್ರಯಾಣಿಕ ಸನ್ನೆಕೋಲುಗಳನ್ನು ಬಿಚ್ಚಿ ಜೇಬಿಗಿಳಿಸುತ್ತಾನೆ. ಇನ್ನು ಯಾರೂ ಅದನ್ನು ಓಡಿಸಲಾರರು ಎಂಬ ನೆಮ್ಮದಿ. ಸಂಜೆ ನೋಡಿದರೆ ಯಂತ್ರವೇ ಇಲ್ಲ. ನೆಲದಡಿ ಬದುಕುವ ಮಾರ್ಲಾಕರು ಅದನ್ನು ಎಳೆದೊಯ್ದು, ಬಿಚ್ಚಿ ನೋಡಿ, ಎಣ್ಣೆ ಹಾಕಿ ಒರೆಸಿಟ್ಟಿರುತ್ತಾರೆ. ಸಾವಿರಾರು ತಲೆಮಾರು ಯಂತ್ರದ ನಡುವೆಯೇ ಇದ್ದ ಕೈಗಳು ಅವು. ಯಾಕೆಂದು ತಿಳಿಯದಿದ್ದರೂ ಎಣ್ಣೆ ಹಾಕುವುದನ್ನು ಮರೆತಿಲ್ಲ.

ಇದನ್ನು ಬರೆದವನು ಹದಿಹರೆಯದಲ್ಲಿ ಬಟ್ಟೆ ಅಂಗಡಿಯ ಅಪ್ರೆಂಟಿಸ್ ಆಗಿ ದಿನ ಸವೆಸಿದವನು. ಅವನ ತಾಯಿ ಸಸೆಕ್ಸ್ ಸೀಮೆಯ ಅಪ್‌ಪಾರ್ಕ್ ಬಂಗಲೆಯಲ್ಲಿ ಮನೆವಾರ್ತೆ ನೋಡಿಕೊಳ್ಳುತ್ತಿದ್ದಳು. ಅಲ್ಲಿ ಆಳುಕಾಳುಗಳು ಓಡಾಡಲು ನೆಲದಡಿ ಸುರಂಗದಾರಿಗಳಿವೆ. ಮೇಲೆ ಬೆಳಕಿನಲ್ಲಿ ಆಡುವ ಎಲಾಯ್‌ಗಳು, ಕೆಳಗೆ ಕತ್ತಲಲ್ಲಿ ದುಡಿಯುವ ಮಾರ್ಲಾಕರು: ಇವರನ್ನು ಕಾಣಲು ಎಂಟು ಲಕ್ಷ ವರ್ಷ ಮುಂದೆ ಹೋಗಬೇಕಾಗಿರಲಿಲ್ಲ, ಅಡುಗೆಮನೆಯ ಮೆಟ್ಟಿಲಿಳಿದರೆ ಸಾಕಿತ್ತು. ಆದರೆ ಎದುರಿಗೇ ಇರುವುದನ್ನು ಓದುಗರ ಕಣ್ಣಿಗೆ ಬೀಳಿಸಲು ಅಷ್ಟು ದೂರ ಕರೆದೊಯ್ಯುವುದೇ ಸರಿಯೆಂದು ಅವನಿಗೆ ಕಂಡಿತು. ನೂರಮೂವತ್ತು ವರ್ಷದ ಮೇಲೂ ಅದು ಸರಿಯಾಗಿಯೇ ಇದೆ.

*

ವೆಲ್ಸ್‌ನ ಪ್ರಯಾಣಿಕ ಒಂದು ಸಲವೂ ತನ್ನ ಹಳೆಯ ದಿನಕ್ಕೆ ಹೋಗಿ ಏನನ್ನೂ ತಿದ್ದುವುದಿಲ್ಲ. ಮೂರು ಕೋಟಿ ವರ್ಷ ಮುಂದಿನ ಕಡಲದಂಡೆಯವರೆಗೆ ಹೋಗಿ, ಕೆಂಪಗೆ ಹಿಗ್ಗಿ ಆರುತ್ತಿರುವ ಸೂರ್ಯನನ್ನು ನೋಡಿ ಬರುತ್ತಾನೆ. ಲೋಕಕ್ಕೆ ಏನಾಗುತ್ತದೆ ಎಂಬುದು ಅವನ ಪ್ರಶ್ನೆ. 2002ರಲ್ಲಿ ವೆಲ್ಸ್‌ನ ಮರಿಮಗನೇ ಆದ ಸೈಮನ್ ವೆಲ್ಸ್ ಅದನ್ನು ಸಿನಿಮಾ ಮಾಡಿದಾಗ ಪ್ರಯಾಣಿಕನಿಗೆ ಒಬ್ಬ ಪ್ರೇಯಸಿಯನ್ನೂ ಅವಳ ಸಾವನ್ನೂ ಕೊಟ್ಟ. ಈಗ ಯಂತ್ರ ಹುಟ್ಟುವುದೇ ಅವಳನ್ನು ಉಳಿಸಲು. ಒಂದು ಶತಮಾನದಲ್ಲಿ ಯಂತ್ರದ ಮುಖ ತಿರುಗಿತು. ಮುಂದೆ ಏನಿದೆಯೆಂದು ನೋಡುವ ಆಸೆ ಕುಗ್ಗಿ, ಆದದ್ದನ್ನು ಅಳಿಸುವ ಆಸೆ ಬಲಿಯಿತು. ಇದು ನನಗೆ ಸಂಕಟದ ಸಂಗತಿ.

*

ಆ ಸಿನಿಮಾದಲ್ಲಿ ಪ್ರೇಯಸಿ ಉಳಿಯುವುದಿಲ್ಲ. ಒಂದು ಸಾವಿನಿಂದ ತಪ್ಪಿಸಿದರೆ ಇನ್ನೊಂದು ಬರುತ್ತದೆ. ಅವಳು ಬದುಕಿದ್ದಿದ್ದರೆ ಯಂತ್ರ ಕಟ್ಟುವ ಕಾರಣವೇ ಇರುತ್ತಿರಲಿಲ್ಲ. ಪಶ್ಚಾತ್ತಾಪದ ಕತೆಯೂ ಇದೇ. ಹಳೆಯ ದಿನಕ್ಕೆ ಈಗಿನ ಬುದ್ಧಿ ಹೊತ್ತುಕೊಂಡು ಹೋಗಬೇಕೆನ್ನುತ್ತೇವೆ. ಆ ದಿನ ಕೆಟ್ಟಿದ್ದರಿಂದಲೇ ಈ ಬುದ್ಧಿ ಬಂದಿದೆ.

*

ಭಾಗವತದ ಕಕುದ್ಮಿ ಎಂಬ ರಾಜ ಮಗಳು ರೇವತಿಗೆ ವರ ಕೇಳಲು ಬ್ರಹ್ಮಲೋಕಕ್ಕೆ ಹೋದ. ಅಲ್ಲಿ ಗಂಧರ್ವರ ಹಾಡು ನಡೆದಿತ್ತು. ಮುಗಿಯಲೆಂದು ತುಸು ಕಾದ. ಹಾಡು ಮುಗಿಯುವಷ್ಟರಲ್ಲಿ ಭೂಮಿಯ ಮೇಲೆ ಇಪ್ಪತ್ತೇಳು ಚತುರ್ಯುಗ ಸರಿದಿತ್ತು. ಚತುರ್ಯುಗಕ್ಕೆ 43,20,000 ವರ್ಷದಂತೆ ಹನ್ನೊಂದೂವರೆ ಕೋಟಿ ದಾಟುತ್ತದೆ. ಅವನು ಮನಸ್ಸಿನಲ್ಲಿ ಇಟ್ಟುಕೊಂಡಿದ್ದ ವರರು, ಅವರ ಮಕ್ಕಳು, ಮೊಮ್ಮಕ್ಕಳು, ಯಾರ ಹೆಸರೂ ಉಳಿದಿರಲಿಲ್ಲ.

ಇಲ್ಲಿ ಸನ್ನೆಕೋಲಿಲ್ಲ, ಪೆಟ್ಟಿಗೆಯಿಲ್ಲ. ಒಂದು ಹಾಡು ಸಾಕಾಯಿತು. ಐನ್‌ಸ್ಟೈನ್‌ನನ್ನು ಆಗಲೇ ಕಂಡುಬಿಟ್ಟಿದ್ದರೆಂದು ಇದನ್ನು ಹಿಗ್ಗಿಸಿ ಹೇಳುವವರ ಜೊತೆ ನಾನಿಲ್ಲ. ಕತೆಗೆ ಅದರ ಸ್ವಂತ ಬಲವೇ ಬೇಕಾದಷ್ಟಿದೆ. ನನಗೆ ಕಾಡುವುದು ರೇವತಿ. ವರರು ಹೋದರೆಂದು ಅಪ್ಪನಿಗೆ ಹೇಳಿದರು. ಅವಳ ಗೆಳತಿಯರು ಹೋದರೆಂದು ಅವಳಿಗೆ ಯಾರು ಹೇಳಿದರು? ಭೂಮಿಗಿಳಿದಾಗ ಮನುಷ್ಯರೇ ಕುಳ್ಳಗಾಗಿದ್ದರು. ಎತ್ತರವಾಗಿ ನಿಂತ ಅವಳನ್ನು ಬಲರಾಮ ನೇಗಿಲ ತುದಿಯಿಂದ ತಗ್ಗಿಸಿಕೊಂಡು ಮದುವೆಯಾದನೆಂದು ವಿಷ್ಣುಪುರಾಣ ಹೇಳುತ್ತದೆ. ಬೇರೆ ಕಾಲದಿಂದ ಬಂದವರನ್ನು ನಮ್ಮ ಅಳತೆಗೆ ಇಳಿಸಿಕೊಂಡೇ ಮನೆ ತುಂಬಿಸಿಕೊಳ್ಳುತ್ತೇವೆ.

*

ಭಾಸ್ಕರಾಚಾರ್ಯರ ಮಗಳು ಲೀಲಾವತಿಯ ಐತಿಹ್ಯ ಇದರ ಮಗ್ಗುಲಿಗಿದೆ. ಮದುವೆಯ ಮುಹೂರ್ತ ನೋಡಲು ನೀರಿನಲ್ಲಿ ತೇಲಿಬಿಟ್ಟ ಗಳಿಗೆ ಬಟ್ಟಲಿನೊಳಗೆ ಹುಡುಗಿ ಬಗ್ಗಿ ನೋಡುತ್ತಾಳೆ. ಮೈಮೇಲಿನ ಮುತ್ತೊಂದು ಜಾರಿ ಬಿದ್ದು ತೂತು ಮುಚ್ಚುತ್ತದೆ. ಬಟ್ಟಲು ಮುಳುಗುವುದಿಲ್ಲ, ಮುಹೂರ್ತ ಮೀರಿಹೋಗುತ್ತದೆ. ಫೈಜಿ ಎಂಬ ಕವಿ 1587ರಲ್ಲಿ ‘ಲೀಲಾವತಿ’ ಗಣಿತಗ್ರಂಥಕ್ಕೆ ಮಾಡಿದ ಫಾರ್ಸಿ ಅನುವಾದದಲ್ಲಿ ಬರುವ ಕತೆ ಇದು, ಚರಿತ್ರೆಯೆಂದು ಹಿಡಿಯಬೇಕಾಗಿಲ್ಲ. ಗಡಿಯಾರವನ್ನು ನಿಲ್ಲಿಸುವುದು ಒಂದು ಮುತ್ತಿಗೂ ಸಾಧ್ಯ ಎಂಬುದಷ್ಟೇ ಅದರಲ್ಲಿ ನನಗೆ ಬೇಕಾದ್ದು.

*

1971ರಲ್ಲಿ ಹಾಫೆಲೆ, ಕೀಟಿಂಗ್ ಎಂಬ ಇಬ್ಬರು ಪರಮಾಣು ಗಡಿಯಾರಗಳನ್ನು ಸಾಮಾನ್ಯ ಪ್ರಯಾಣಿಕರ ವಿಮಾನಗಳಲ್ಲಿ ಭೂಮಿ ಸುತ್ತಿಸಿದರು. ಪೂರ್ವಕ್ಕೆ ಹೋದವು ನೆಲದ ಗಡಿಯಾರಕ್ಕಿಂತ 59 ನ್ಯಾನೊಸೆಕೆಂಡು ಹಿಂದೆ ಬಿದ್ದವು, ಪಶ್ಚಿಮಕ್ಕೆ ಹೋದವು 273 ನ್ಯಾನೊಸೆಕೆಂಡು ಮುಂದೆ ಹೋದವು. ಜಿಪಿಎಸ್ ಉಪಗ್ರಹಗಳ ಗಡಿಯಾರ ದಿನಕ್ಕೆ ಸುಮಾರು 38 ಮೈಕ್ರೊಸೆಕೆಂಡು ಮುಂದೆ ಓಡುತ್ತದೆ. ಅದನ್ನು ತಿದ್ದದಿದ್ದರೆ ಒಂದೇ ದಿನದಲ್ಲಿ ದಾರಿ ಹತ್ತು ಕಿಲೋಮೀಟರ್ ತಪ್ಪುತ್ತದೆ. ಕಾಲ ಬಾಗುತ್ತದೆ ಎಂಬುದು ಕಲ್ಪನೆಯ ಮಾತಾಗಿ ಉಳಿದಿಲ್ಲ. ಅದು ಬಾಗುವ ಅಳತೆ ಮಾತ್ರ ನಮ್ಮ ದುಃಖಕ್ಕೆ ಸಾಲುವಷ್ಟಿಲ್ಲ.

*

ಸ್ಟೀಫನ್ ಹಾಕಿಂಗ್ 2009ರ ಜೂನ್ 28ರಂದು ಕೇಂಬ್ರಿಜ್‌ನಲ್ಲಿ ಕಾಲಪ್ರಯಾಣಿಕರಿಗೆ ಔತಣ ಇಟ್ಟರು. ಆಹ್ವಾನ ಹೊರಬಿಟ್ಟದ್ದು ಔತಣ ಮುಗಿದ ಮೇಲೆ. ಯಾರೂ ಬರಲಿಲ್ಲ. ಗಾಲಿಕುರ್ಚಿಯಲ್ಲಿ ದಶಕಗಳನ್ನು ಕಳೆದ ಆ ಮನುಷ್ಯ ಖಾಲಿ ಕುರ್ಚಿಗಳ ನಡುವೆ ಕಾದು ಕೂತ ಚಿತ್ರವನ್ನು ನೋಡಿದಾಗ ನನಗೆ ಗೌರವ ಹೆಚ್ಚಿತು. ಸಾಧ್ಯವಿಲ್ಲವೆಂದು ತೋರುವ ಅತಿಥಿಗೂ ಅವರು ಬಾಗಿಲು ತೆಗೆದಿಟ್ಟಿದ್ದರು.

*

ವೆಲ್ಸ್‌ನ ಪುಸ್ತಕ ಬಂದ ವರ್ಷವೇ, 1895ರ ಅಕ್ಟೋಬರಿನಲ್ಲಿ, ಲಂಡನ್ನಿನ ಉಪಕರಣ ತಯಾರಕ ರಾಬರ್ಟ್ ಪಾಲ್ ಒಂದು ಪೇಟೆಂಟಿಗೆ ಅರ್ಜಿ ಹಾಕಿದ. ಅಲುಗಾಡುವ ಆಸನಗಳು, ಎದುರಿಗೆ ಚಲಿಸುವ ಚಿತ್ರಗಳು. ಕೂತವರಿಗೆ ಕಾಲದೊಳಗೆ ಸಾಗಿದಂತೆ ಅನಿಸಬೇಕು. ಅದನ್ನು ಕಟ್ಟಲು ಆಗಲಿಲ್ಲ. ಎರಡು ತಿಂಗಳಿಗೆ ಪ್ಯಾರಿಸಿನಲ್ಲಿ ಲೂಮಿಯೇರ್ ಸೋದರರು ಹಣ ಪಡೆದು ಚಿತ್ರ ತೋರಿಸಿದರು. ಮರುವರ್ಷದ ಅವರ ಒಂದು ಚಿತ್ರದಲ್ಲಿ ಕೂಲಿಯಾಳುಗಳು ಗೋಡೆ ಕೆಡವುತ್ತಾರೆ. ಅದನ್ನೇ ಹಿಂದುಮುಂದಾಗಿ ಓಡಿಸಿದಾಗ ಧೂಳು ಒಳಸೇರಿ ಗೋಡೆ ಎದ್ದು ನಿಂತಿತು. ಬಿದ್ದದ್ದು ಏಳುವುದನ್ನು ಮನುಷ್ಯರು ಕಣ್ಣಾರೆ ಕಂಡದ್ದು ಆಗ. ಅಂದಿನಿಂದ ಕಾಲವನ್ನು ತಡೆದು, ತಿರುಗಿಸಿ, ಎಳೆದು ನೋಡುವ ಯಂತ್ರ ನಮ್ಮ ಬಳಿ ಇದೆ. ಪ್ರೇಕ್ಷಕರು ಮಾತ್ರ ಮನೆಗೆ ಹೋಗುವಾಗ ಎರಡೂವರೆ ಗಂಟೆ ದೊಡ್ಡವರಾಗಿರುತ್ತಾರೆ.

*

ಕತೆಗಾರ ಬೋರ್ಹೆಸ್‌ನ ‘ಗುಟ್ಟಿನ ಪವಾಡ’ ಎಂಬರ್ಥದ ಹೆಸರಿನ ಕತೆ 1943ರದು. ನಾಜಿಗಳು ಹಿಡಿದ ಪ್ರಾಗ್ ನಗರ. ಹ್ಲಾಡಿಕ್ ಎಂಬ ಯಹೂದಿ ಲೇಖಕನನ್ನು ಗೋಡೆಗೆ ನಿಲ್ಲಿಸಿದ್ದಾರೆ. ಅರ್ಧಕ್ಕೆ ನಿಂತ ನಾಟಕವೊಂದನ್ನು ಮುಗಿಸಲು ಒಂದು ವರ್ಷ ಕೊಡು ಎಂದು ಅವನು ಹಿಂದಿನ ರಾತ್ರಿ ದೇವರನ್ನು ಬೇಡಿದ್ದಾನೆ. ಗುಂಡು ಹಾರಿಸಲು ಅಪ್ಪಣೆಯಾಗುತ್ತದೆ, ಲೋಕ ನಿಲ್ಲುತ್ತದೆ. ಕೆನ್ನೆಯ ಮೇಲಿನ ಮಳೆಹನಿ ಇಳಿಯುವುದಿಲ್ಲ. ಕಲ್ಲುಹಾಸಿನ ಮೇಲೆ ಜೇನುನೊಣದ ನೆರಳು ಕದಲುವುದಿಲ್ಲ. ಅವನ ಮೈಯೂ ಕಲ್ಲು, ನಡೆಯುತ್ತಿರುವುದು ಮನಸ್ಸೊಂದೇ.

ಆ ಒಂದು ವರ್ಷ ಅವನು ಸಾವಿನಿಂದ ತಪ್ಪಿಸಿಕೊಳ್ಳಲು ಯೋಚಿಸುವುದಿಲ್ಲ. ಕಾಗದವಿಲ್ಲ, ಲೇಖನಿಯಿಲ್ಲ; ಸಾಲು ಸಾಲಾಗಿ ಮನಸ್ಸಿನಲ್ಲೇ ನಾಟಕ ಕಟ್ಟುತ್ತಾನೆ, ತಿದ್ದುತ್ತಾನೆ, ಹೊಡೆದುಹಾಕುತ್ತಾನೆ, ಮತ್ತೆ ಬರೆಯುತ್ತಾನೆ. ಕೊನೆಯ ವಿಶೇಷಣ ಸಿಕ್ಕಿದ ಗಳಿಗೆಯಲ್ಲಿ ಹನಿ ಕೆನ್ನೆಯಿಂದ ಜಾರುತ್ತದೆ. ಬೆಳಗಿನ ಒಂಬತ್ತು ಗಂಟೆ ಎರಡು ನಿಮಿಷಕ್ಕೆ ಅವನು ಸತ್ತ. ಆ ನಾಟಕವನ್ನು ಯಾರೂ ಓದಲಿಲ್ಲ, ಓದಲು ಸಾಧ್ಯವೂ ಇರಲಿಲ್ಲ.

ಕಾಲವನ್ನು ತಡೆಯುವ ಕತೆಗಳಲ್ಲಿ ಇದನ್ನು ಎಲ್ಲಕ್ಕಿಂತ ಮೇಲಿಡುತ್ತೇನೆ. ಮಿಕ್ಕವರು ಹೆಚ್ಚಿನ ಹೊತ್ತನ್ನು ಬೇಡಿದ್ದು ಹಣಕ್ಕೆ, ಅಂಕಕ್ಕೆ, ತಪ್ಪು ತಿದ್ದುವುದಕ್ಕೆ. ಇವನು ಕೆಲಸ ಮುಗಿಸಲು ಬೇಡಿದ. ಯಾರೂ ನೋಡದ ಕೆಲಸವನ್ನು ಅಷ್ಟು ಚೊಕ್ಕಟವಾಗಿ ಮಾಡುವವರನ್ನು ನಾವೂ ಕಂಡಿದ್ದೇವೆ. ಕಣ್ಣು ಮಂಜಾದ ಮೇಲೂ ಕಸೂತಿಯ ಒಳಮಗ್ಗುಲ ಗಂಟನ್ನು ಬಿಗಿಯಾಗಿ ಹಾಕುವ ಮುದುಕಿಯರು ಊರೂರಲ್ಲಿದ್ದಾರೆ.

*

ಜಪಾನಿನ ಕಾರ್ಟೂನ್ ಬೆಕ್ಕು ಡೊರೆಮಾನ್ ಈಗ ನಮ್ಮ ಮಕ್ಕಳಿಗೂ ಮನೆಯವನೇ. ಅವನ ಗೆಳೆಯ ನೊಬಿತಾನ ಓದುವ ಮೇಜಿನ ಡ್ರಾಯರ್ ಎಳೆದರೆ ಒಳಗೆ ಕಾಲಯಂತ್ರ. ಎಷ್ಟೋ ಕಂತುಗಳಲ್ಲಿ ಆ ಹುಡುಗ ಅದನ್ನು ಹೋಮ್‌ವರ್ಕ್ ತಪ್ಪಿಸಲೋ ಪೆಟ್ಟು ತಪ್ಪಿಸಲೋ ಬಳಸಿ ಇನ್ನೂ ದೊಡ್ಡ ಪೇಚಿಗೆ ಸಿಕ್ಕಿಕೊಳ್ಳುತ್ತಾನೆ. 1970ರ ಒಂದು ಕತೆ ಹಾಗಿಲ್ಲ. ಹರಿದಲ್ಲಿ ಅಜ್ಜಿ ಹೊಲಿದುಕೊಟ್ಟಿದ್ದ ಹಳೆಯ ಕರಡಿ ಬೊಂಬೆ ಸಿಕ್ಕಿ, ತೀರಿಹೋದ ಆ ಅಜ್ಜಿಯನ್ನು ಒಂದು ಸಲ ನೋಡಿ ಬರಬೇಕೆಂದು ಹೊರಡುತ್ತಾನೆ. ಮರೆಯಲ್ಲಿ ನಿಂತು ನೋಡುವುದಷ್ಟೇ ಉದ್ದೇಶ. ಕೊನೆಗೆ ಎದುರಾಗಿಯೇ ಬಿಡುತ್ತಾನೆ. ನಾನೇ ನೊಬಿತಾ ಎಂದರೆ ಅಜ್ಜಿ ಒಂದಿಷ್ಟೂ ಅನುಮಾನ ಪಡುವುದಿಲ್ಲ. ಮೊಮ್ಮಗ ಶಾಲೆಗೆ ಹೋಗುವುದನ್ನು ಕಾಣಬೇಕೆಂಬ ಆಸೆ ಆಕೆಗೆ. ಹುಡುಗ ಓಡಿಹೋಗಿ ತನ್ನ ಕಾಲದಿಂದ ಶಾಲೆಯ ಚೀಲ ತಂದು ಬೆನ್ನಿಗೇರಿಸಿ ನಿಲ್ಲುತ್ತಾನೆ.

ಅವನು ಅಲ್ಲಿ ಏನನ್ನೂ ತಿದ್ದಲಿಲ್ಲ. ಅಜ್ಜಿಯ ಸಾವು ಇದ್ದ ದಿನವೇ ಬರುತ್ತದೆ. ಆದರೆ ಅವನ ಮೈ ಮುಂದಕ್ಕೆ ಬೆಳೆದಿತ್ತಲ್ಲ, ಆಕೆ ನೋಡಬಯಸಿದ್ದು ಆ ಬೆಳವಣಿಗೆಯನ್ನೇ. ಹಿಂದೆ ಹೋದವನು ಒಯ್ಯಬಹುದಾದ ಕಾಣಿಕೆ ಇದೊಂದೇ ಇರಬೇಕು.

ಚೀಲ ನೋಡಿ ಕಣ್ತುಂಬಿಕೊಂಡ ಅಜ್ಜಿ, ಆಸೆ ಯಾರಿಗೆ ಮುಗಿಯುತ್ತದೆ, ನಿನ್ನ ಮದುಮಗಳನ್ನೂ ಒಮ್ಮೆ ನೋಡಬೇಕಿತ್ತು ಅನ್ನುತ್ತಾಳೆ. ಹಳೆಯ ಕತೆ ಆ ಆಸೆಯನ್ನು ತೀರಿಸದೇ ಮುಗಿದಿತ್ತು. ಬರೆದ ಫುಜಿಕೊ ಎಫ್. ಫುಜಿಯೊ 1996ರಲ್ಲಿ ತೀರಿಕೊಂಡರು. 2020ರಲ್ಲಿ ಬಂದ ‘ಸ್ಟ್ಯಾಂಡ್ ಬೈ ಮಿ ಡೊರೆಮಾನ್ 2’ ಅಜ್ಜಿಯ ಆ ಮಾತನ್ನೇ ಎತ್ತಿಕೊಂಡು ಒಂದು ಪೂರ್ತಿ ಸಿನಿಮಾ ಆಯಿತು. ಕಾಗದದ ಮೇಲಿನ ಒಬ್ಬ ಮುದುಕಿಗೆ ಮದುಮಗಳನ್ನು ತೋರಿಸಲೇಬೇಕೆಂದು ಐವತ್ತು ವರ್ಷದ ಮೇಲೆ ಹಟ ಹಿಡಿದವರಿದ್ದಾರಲ್ಲ, ಅವರನ್ನು ನೆನೆದರೆ ನನಗೆ ಪ್ರೀತಿ ಉಕ್ಕುತ್ತದೆ.